ನೋರಾ ಮಿಲ್‌ನ ಗ್ರಿಟ್ಸ್: ಚೀಸ್ ಹಾಕಿ ಓವನ್‌ಗೆ ಇಟ್ಟರೆ ಹೇಗಿರುತ್ತೆ?

ಅಮೆರಿಕದ ಜಾರ್ಜಿಯಾ ರಾಜ್ಯದಲ್ಲಿ ಯಾವ ದಿನಸಿ ಅಂಗಡಿಗೆ ಹೋದರೂ ಗ್ರಿಟ್ಸ್‌ಗೆ ಅಂತಲೇ ಒಂದು ಸಾಲು ಇರುತ್ತದೆ. ಬಿಸಿನೀರು ಸುರಿದರೆ ಸಾಕು ಅನ್ನುವ ಇನ್‌ಸ್ಟಂಟ್ ಪೊಟ್ಟಣ, ಐದು ನಿಮಿಷದ ಕ್ವಿಕ್, ಇಪ್ಪತ್ತು ನಿಮಿಷದ ಹಳೇ ಮಾದರಿಯದ್ದು. ಕೊನೆಯಲ್ಲಿ ಬಟ್ಟೆ ಚೀಲದಲ್ಲೋ ಕಾಗದದ ಚೀಲದಲ್ಲೋ ಕೂತಿರುವ ಕಲ್ಲಿನಲ್ಲಿ ಬೀಸಿದ್ದು. ಬೆಲೆ ನೋಡಿದರೆ ಕೊನೆಯದು ಜಾಸ್ತಿ. ಎಲ್ಲವೂ ಮೆಕ್ಕೆಜೋಳದ ನುಚ್ಚೇ ತಾನೆ, ಯಾಕೆ ಇಷ್ಟು ವ್ಯತ್ಯಾಸ ಅಂತ ನಮ್ಮ ಕನ್ನಡದ ಗೆಳೆಯರು ಕೇಳುತ್ತಿರುತ್ತಾರೆ. ಅವರಿಗಾಗಿಯೇ ಇದನ್ನು ಬರೆಯುತ್ತಿದ್ದೇನೆ.

ನಾನು ಇಲ್ಲಿ ಹೇಳಲು ಹೊರಟಿರುವುದು ನೋರಾ ಮಿಲ್ ಅನ್ನುವ ಹಳೇ ಗಿರಣಿಯ ಹಳದಿ ಗ್ರಿಟ್ಸ್ ಬಗ್ಗೆ. ಅದೂ ಒಂದೇ ಅಡುಗೆಯ ಲೆಕ್ಕದಲ್ಲಿ: ಬೆಣ್ಣೆ, ಚೀಸ್, ಮೊಟ್ಟೆ ಸೇರಿಸಿ ಓವನ್‌ನಲ್ಲಿ ಇಡುವ ಚೀಸ್ ಗ್ರಿಟ್ಸ್ ಕ್ಯಾಸರೋಲ್. ಬಟ್ಟಲಲ್ಲಿ ಹಾಕಿಕೊಂಡು ಚಮಚದಲ್ಲಿ ತಿನ್ನುವ ಗ್ರಿಟ್ಸ್ ಬೇರೆ ಮಾತು.

ನಾನು ರಾಣೆಬೆನ್ನೂರು ಕಡೆಯವನು, ಈಗ ಮನೆ ಅಟ್ಲಾಂಟಾ ಹತ್ತಿರದ ಆಲ್ಫರೆಟ್ಟಾದಲ್ಲಿ. ನುಚ್ಚು ಮಜ್ಜಿಗೆ ಉಂಡು ಬೆಳೆದವನಿಗೆ ಗ್ರಿಟ್ಸ್ ಪರಿಚಯ ಮಾಡಿಕೊಡಬೇಕಾಗಿಲ್ಲ. ಕಾಳು ಒಡೆದು, ನೀರಲ್ಲಿ ಕುದಿಸಿ, ಮೆತ್ತಗಾಗುವ ತನಕ ಕಾಯುವುದು. ನಮ್ಮಲ್ಲಿ ಬಿಳಿ ಜೋಳ, ಇಲ್ಲಿ ಮೆಕ್ಕೆಜೋಳ, ಅಷ್ಟೇ. ತಮಾಷೆ ಏನೆಂದರೆ ನಮ್ಮ ಹಾವೇರಿ ಜಿಲ್ಲೆಯ ತುಂಬ ಗೋವಿನಜೋಳವೇ, ಅಂದರೆ ಇದೇ ಮೆಕ್ಕೆಜೋಳ. ಸುಗ್ಗಿಯಲ್ಲಿ ರಸ್ತೆ ಮೇಲೆಲ್ಲ ಅದನ್ನೇ ಒಣಗಿಸುತ್ತಾರೆ. ಆದರೆ ಮನೆಯಲ್ಲಿ ಅದನ್ನು ಬೇಯಿಸಿ ಉಂಡಿದ್ದು ನನಗೆ ನೆನಪಿಲ್ಲ. ಲಾರಿ ತುಂಬಿ ಹೋಗುತ್ತಿದ್ದದ್ದು ಹೆಚ್ಚಾಗಿ ಕೋಳಿ ಆಹಾರಕ್ಕೆ. ಅದೇ ಕಾಳನ್ನು ಜಾರ್ಜಿಯಾದವರು 2002ರಲ್ಲಿ ಕಾನೂನು ಮಾಡಿ ತಮ್ಮ ರಾಜ್ಯದ ಅಧಿಕೃತ ಅಡುಗೆ ಅಂತ ಘೋಷಿಸಿಕೊಂಡಿದ್ದಾರೆ.

ನೋರಾ ಮಿಲ್ ಇರುವುದು ಹೆಲೆನ್ ಊರಿನ ಪಕ್ಕದಲ್ಲಿ. ಅಟ್ಲಾಂಟಾದಲ್ಲಿರುವ ಕನ್ನಡದವರಿಗೆ ಹೆಲೆನ್ ಗೊತ್ತೇ ಇರುತ್ತದೆ. ಎಲೆ ಬಣ್ಣ ಬದಲಾಗುವ ಅಕ್ಟೋಬರಿನಲ್ಲಿ ಒಂದು ಸಲವಾದರೂ ಹೋಗಿ, ಆ ಜರ್ಮನ್ ವೇಷದ ಪೇಟೆಯ ಮುಂದೆ ಫೋಟೋ ತೆಗೆಸಿಕೊಂಡು, ಆನಾ ರೂಬಿ ಜಲಪಾತ ನೋಡಿ ಬಂದಿರುತ್ತಾರೆ. ಪೇಟೆಗೆ ಸ್ವಲ್ಪ ಮೊದಲು, ಚಟಾಹೂಚಿ ನದಿ ದಂಡೆಯಲ್ಲಿ ಹಳೇ ಮರದ ಕಟ್ಟಡ ಇದೆಯಲ್ಲ, ಅದೇ ಈ ಮಿಲ್. 1876ರಲ್ಲಿ ಕಟ್ಟಿದ್ದು. ಒಂದೊಂದು 1,500 ಪೌಂಡ್, ಅಂದರೆ ಸುಮಾರು 680 ಕಿಲೋ ತೂಗುವ ಫ್ರೆಂಚ್ ಬರ್ ಅನ್ನುವ ಬೀಸುಕಲ್ಲುಗಳಲ್ಲಿ ಬೀಸುತ್ತಾರೆ. ಕಲ್ಲು ತಿರುಗಿಸುವುದು ನದಿಯ ನೀರು. ಇದೇ ಚಟಾಹೂಚಿ ನೀರು ಕೆಳಗೆ ಹರಿದು ಬಂದು ಅಟ್ಲಾಂಟಾದ ನಲ್ಲಿಯಲ್ಲಿ ಬರುತ್ತದೆ. ಅಂದರೆ ಬೀಸುವುದಕ್ಕೂ ಅದೇ ನೀರು, ಮನೆಯಲ್ಲಿ ಕುದಿಸುವುದಕ್ಕೂ ಅದೇ ನೀರು!

ಕಲ್ಲಿನಲ್ಲಿ ಬೀಸಿದ್ದು ಅಂದರೆ ಸುಮ್ನೆ ಜಾಹೀರಾತಿನ ಮಾತಲ್ಲ. ದೊಡ್ಡ ಕಾರ್ಖಾನೆಯ ಗ್ರಿಟ್ಸ್‌ನಲ್ಲಿ ಕಾಳಿನ ಸಿಪ್ಪೆ ಮತ್ತು ಮೊಳಕೆ ಭಾಗವನ್ನು ತೆಗೆದುಬಿಡುತ್ತಾರೆ. ಉಳಿಯುವುದು ಬರೀ ಹಿಟ್ಟಿನ ಭಾಗ. ಅದು ತಿಂಗಳುಗಟ್ಟಲೆ ಕಪಾಟಿನಲ್ಲಿ ಕೆಡದೆ ಕೂರುತ್ತದೆ, ಬೇಗ ಬೇಯುತ್ತದೆ, ಒಂದೇ ಸಮ ಬಿಳುಪಾಗಿರುತ್ತದೆ. ಕಲ್ಲಿನಲ್ಲಿ ಇಡೀ ಕಾಳು ಬೀಸಿದರೆ ಮೊಳಕೆಯ ಎಣ್ಣೆಯೂ ಅದರಲ್ಲೇ ಇರುತ್ತದೆ. ಮೆಕ್ಕೆಜೋಳದ ಪರಿಮಳ ಇರುವುದೇ ಆ ಎಣ್ಣೆಯಲ್ಲಿ. ಚೀಲ ಬಿಚ್ಚಿದ ಕೂಡಲೇ ಮೂಗಿಗೆ ಬಡಿಯುತ್ತದೆ. ನುಚ್ಚಿನ ನಡುವೆ ಅಲ್ಲಲ್ಲಿ ಕಪ್ಪು ಚುಕ್ಕೆ ಕಂಡರೆ ಹುಳ ಅಂದುಕೊಳ್ಳಬೇಡಿ. ಅದು ಕಾಳಿನ ಬುಡದ ಕಪ್ಪು ಭಾಗ.

ಆದರೆ ಅದೇ ಎಣ್ಣೆ ಬೇಗ ಕಮಟಾಗುತ್ತದೆ. ಹಾಗಾಗಿ ಇದನ್ನು ಫ್ರಿಜ್‌ನಲ್ಲಿ ಇಡಬೇಕು, ಜಾಸ್ತಿ ದಿನಕ್ಕಾದರೆ ಫ್ರೀಜರಿನಲ್ಲಿ. ನಮ್ಮ ಮನೆ ಹತ್ತಿರದ ಒಂದು ಅಂಗಡಿಯಲ್ಲಿ, ಹೆಸರು ಬೇಡ, ಬೇರೆ ಯಾವುದೋ ಮಿಲ್ಲಿನ ಚೀಲವನ್ನು ಕಿಟಕಿ ಬಿಸಿಲಿನಲ್ಲಿ ಚಂದಕ್ಕೆ ಜೋಡಿಸಿಟ್ಟಿದ್ದರು. ತಂದು ಬೇಯಿಸಿದರೆ ಹಳೇ ಶೇಂಗಾ ಎಣ್ಣೆಯ ವಾಸನೆ. ಎಷ್ಟು ಚೀಸ್ ಹಾಕಿದರೂ ಆ ಕಹಿ ಮುಚ್ಚಲಿಲ್ಲ. ಅಂದಿನಿಂದ ನಾನು ಚೀಲದ ಮೇಲಿನ ತಾರೀಖು ನೋಡದೆ ಕೊಳ್ಳುವುದಿಲ್ಲ. ಮಿಲ್ಲಿಗೇ ಹೋದಾಗ ಎರಡು ಮೂರು ಚೀಲ ತಂದು ನೇರ ಫ್ರೀಜರಿಗೆ ಹಾಕುತ್ತೇನೆ. ಬೇಕಾದಾಗ ಹಾಗೇ ತೆಗೆದು ನೆನೆಹಾಕಿದರಾಯಿತು.

ಈಗ ಅಡುಗೆಗೆ ಬರೋಣ. ಈ ಕ್ಯಾಸರೋಲ್ ಬಗ್ಗೆ ಎಲ್ಲರೂ ಚೀಸ್ ಯಾವುದು, ಎಷ್ಟು ಅಂತ ಮಾತಾಡುತ್ತಾರೆ. ನನ್ನ ಪ್ರಕಾರ ಅದು ಎರಡನೇ ಮಾತು. ಮೊದಲನೇ ಮಾತು ಇದು: ಓವನ್ ಗ್ರಿಟ್ಸ್ ಅನ್ನು ಬೇಯಿಸುವುದಿಲ್ಲ. ಓವನ್ ಮಾಡುವುದು ಮೊಟ್ಟೆಯನ್ನು ಗಟ್ಟಿ ಮಾಡಿ ಎಲ್ಲವನ್ನೂ ಹಿಡಿದು ಕೂರಿಸುವ ಕೆಲಸ, ಮೇಲೆ ಬಣ್ಣ ತರುವ ಕೆಲಸ. ನುಚ್ಚು ಬೇಯುವುದೆಲ್ಲ ಒಲೆಯ ಮೇಲೆಯೇ ಮುಗಿಯಬೇಕು. ಒಲೆ ಮೇಲೆ ಅರೆಬರೆ ಬೆಂದ ಕಾಳು ಓವನ್‌ನಲ್ಲಿ ಒಂದು ಗಂಟೆ ಇದ್ದರೂ ಹಲ್ಲಿಗೆ ಮರಳಿನ ಹಾಗೆ ಸಿಗುತ್ತದೆ. ಚೀಸು, ಮೊಟ್ಟೆ ಸೇರಿದ ಮೇಲೆ ಅದಕ್ಕೆ ಕುಡಿಯಲು ನೀರೇ ಉಳಿದಿರುವುದಿಲ್ಲ.

ಕ್ವಿಕ್ ಗ್ರಿಟ್ಸ್‌ನಲ್ಲಿ ಈ ತೊಂದರೆ ಇಲ್ಲ. ಐದು ನಿಮಿಷ ಅಂದರೆ ಐದೇ ನಿಮಿಷ. ಕಲ್ಲಿನದಕ್ಕೆ ಮುಕ್ಕಾಲು ಗಂಟೆ ಬೇಕು. ಚೀಲದ ಮೇಲೆ ಎಷ್ಟು ಬರೆದಿದ್ದರೂ ನಾಲಿಗೆ ಹೇಳುವುದನ್ನೇ ಕೇಳಿ. ಅವಸರದಲ್ಲಿ ಮಾಡುವವರಿಗೆ ಈ ಮಾಲು ಸರಿಹೋಗುವುದಿಲ್ಲ, ಮೊದಲೇ ಹೇಳಿಬಿಡುತ್ತೇನೆ.

ನಾನು ಮಾಡುವ ರೀತಿ ಹೀಗೆ. ಒಂದು ಕಪ್ ಗ್ರಿಟ್ಸ್ ಅನ್ನು ಹಿಂದಿನ ರಾತ್ರಿಯೇ ಮೂರು ಕಪ್ ನೀರಲ್ಲಿ ನೆನೆಹಾಕುತ್ತೇನೆ. ಒಮ್ಮೆ ಕೈಯಾಡಿಸಿ ಬಿಟ್ಟರೆ ಹೊಟ್ಟು ಮೇಲೆ ತೇಲುತ್ತದೆ. ಅದನ್ನು ಟೀ ಸೋಸುವ ಜಾಲರಿಯಲ್ಲಿ ತೆಗೆಯಬೇಕು. ಅದು ಎಷ್ಟು ಬೇಯಿಸಿದರೂ ಮೆತ್ತಗಾಗುವ ಜಾತಿಯಲ್ಲ, ಗಂಟಲಿಗೆ ಅಂಟಿಕೊಳ್ಳುತ್ತದೆ. ಬೆಳಿಗ್ಗೆ ಅದೇ ನೀರಿನ ಸಮೇತ ದಪ್ಪ ತಳದ ಪಾತ್ರೆಗೆ ಸುರಿದು, ಒಂದು ಚಿಕ್ಕ ಚಮಚ ಉಪ್ಪು ಹಾಕಿ, ಕುದಿ ಬರುವ ತನಕ ಬಿಡದೆ ತಿರುವಬೇಕು. ಗಂಟು ಕಟ್ಟುವುದು ಈ ಹಂತದಲ್ಲೇ. ಕುದಿ ಬಂದ ಮೇಲೆ ಉರಿ ಪೂರ್ತಿ ಸಣ್ಣ ಮಾಡಿ, ಮುಚ್ಚಿ, ಐದಾರು ನಿಮಿಷಕ್ಕೊಮ್ಮೆ ತಳ ಕೆರೆದರೆ ಸಾಕು. ಬೆಳ್ಳುಳ್ಳಿ ಎರಡು ಎಸಳು ಜಜ್ಜಿ ಆಗಲೇ ಹಾಕಿಬಿಡುತ್ತೇನೆ. ಹಾಲು ಮೊದಲೇ ಹಾಕಿದರೆ ತಳ ಹಿಡಿಯುತ್ತದೆ. ಅದಕ್ಕೇ ಕಾಳು ಮುಕ್ಕಾಲು ಬೆಂದ ಮೇಲೆ ಒಂದು ಕಪ್ ಬಿಸಿ ಹಾಲು. ರಾತ್ರಿ ನೆನೆದಿದ್ದರೆ ಅರ್ಧ ಗಂಟೆಗೇ ಬೆಂದುಬಿಡುತ್ತದೆ.

ಈ ಹೊತ್ತಿಗೆ ನೋರಾ ಮಿಲ್‌ನ ನುಚ್ಚು ಹೇಗಿರುತ್ತದೆ ಅಂದರೆ, ಕಾಳು ಕಾಳು ಕಾಣುತ್ತದೆ, ಆದರೆ ಹಲ್ಲಿಗೆ ಸಿಗುವುದಿಲ್ಲ. ನಡುವಿನ ಗಂಜಿ ಮಾತ್ರ ಕೆನೆ ಹಾಗೆ ನುಣ್ಣಗೆ. ಕ್ವಿಕ್ ಗ್ರಿಟ್ಸ್‌ನಲ್ಲಿ ಎಲ್ಲವೂ ಒಂದೇ ಸಮ ಮೆತ್ತಗೆ. ಕ್ಯಾಸರೋಲ್ ಕತ್ತರಿಸಿ ತಟ್ಟೆಗೆ ಹಾಕಿದಾಗ ಈ ವ್ಯತ್ಯಾಸ ಎದ್ದು ಕಾಣುತ್ತದೆ.

ಉರಿ ಆರಿಸಿ ಅರ್ಧ ಕಡ್ಡಿ ಬೆಣ್ಣೆ, ಸುಮಾರು 55 ಗ್ರಾಂ. ಇಲ್ಲಿಯ ಹಳಬರು ಇಡೀ ಕಡ್ಡಿ ಹಾಕುತ್ತಾರೆ. ಹಾಕಿದರೆ ರುಚಿಯೇನೋ ಸರಿ, ಅಂಚಿನಲ್ಲಿ ಎಣ್ಣೆ ಒಸರುತ್ತದೆ. ಆಮೇಲೆ 225 ಗ್ರಾಂ, ಅಂದರೆ ಎಂಟು ಔನ್ಸ್ ಚೀಸ್. ಶಾರ್ಪ್ ಚೆಡ್ಡರ್, ಅಂದರೆ ಹಳೆಯದಾಗಿ ರುಚಿ ಗಡುಸಾದದ್ದು, ಇರಬೇಕು. ಸಪ್ಪೆ ಚೀಸ್ ಹಾಕಿದರೆ ಮೆಕ್ಕೆಜೋಳದ ಸಿಹಿಯೇ ಮೇಲಾಗುತ್ತದೆ. ದಯವಿಟ್ಟು ತುರಿದು ಮಾರುವ ಚೀಸ್ ತರಬೇಡಿ. ಎಳೆಗಳು ಅಂಟಿಕೊಳ್ಳದಿರಲಿ ಅಂತ ಅದಕ್ಕೆ ಪಿಷ್ಟವೋ ಸೆಲ್ಯುಲೋಸೋ ಸವರಿರುತ್ತಾರೆ, ಕರಗಿದಾಗ ನುಣುಪು ಬರುವುದಿಲ್ಲ. ಗಡ್ಡೆ ತಂದು ಮನೆಯಲ್ಲೇ ತುರಿಯುವುದು ಎರಡು ನಿಮಿಷದ ಕೆಲಸ. ಉರಿ ಆರಿಸಿದ ಮೇಲೆಯೇ ಹಾಕಬೇಕು ಅನ್ನುವುದೂ ಮುಖ್ಯ. ಕುದಿಯುವಾಗ ಹಾಕಿದರೆ ಹಳೆಯ ಚೆಡ್ಡರ್ ಒಡೆದು ಎಣ್ಣೆ ಬೇರೆ, ಗಸಿ ಬೇರೆ ಆಗುತ್ತದೆ.

ಸಸ್ಯಾಹಾರಿಗಳಿಗೆ ಎರಡು ಮಾತು, ಇದನ್ನು ಯಾರೂ ಹೇಳುವುದಿಲ್ಲ. ಒಂದು, ಚೀಸ್ ಹೆಪ್ಪುಗಟ್ಟಿಸಲು ಬಳಸುವ ರೆನೆಟ್ ಕೆಲವು ಕಂಪನಿಗಳಲ್ಲಿ ಕರುವಿನ ಹೊಟ್ಟೆಯಿಂದ ಬಂದದ್ದು. ಕ್ಯಾಬಟ್ ಕಂಪನಿಯ ಚೆಡ್ಡರ್‌ನಲ್ಲಿ ಸೂಕ್ಷ್ಮಜೀವಿಯಿಂದ ತೆಗೆದದ್ದನ್ನು ಬಳಸುತ್ತಾರೆ. ನಮ್ಮ ಮನೆಯಲ್ಲಿ ಅದೇ. ಮೇಲೆ ಉದುರಿಸಲು ಅಂತ ಇಟಲಿಯ ಅಸಲಿ ಪಾರ್ಮೆಸಾನ್ ಹಾಕುವವರಿದ್ದಾರೆ. ಅದರಲ್ಲಿ ಕರುವಿನ ರೆನೆಟ್ ಇದ್ದೇ ಇರುತ್ತದೆ. ಎರಡು, ಇಲ್ಲಿನ ಪಾಕವಿಧಾನಗಳಲ್ಲೆಲ್ಲ ವೂಸ್ಟರ್ ಸಾಸ್ ಒಂದು ಚಮಚ ಅಂತ ಇರುತ್ತದೆ. ಅದರಲ್ಲಿ ಆಂಚೊವಿ ಮೀನು ಇರುತ್ತದೆ. ಹುಣಸೆಹಣ್ಣೂ ಇರುತ್ತದೆ ಅನ್ನುವುದು ಬೇರೆ ಮಾತು! ನಾನು ನಾಲ್ಕು ಹನಿ ಸೋಯಾ ಸಾಸ್, ಕಾಲು ಚಮಚ ಗಟ್ಟಿ ಹುಣಸೆ ರಸ ಹಾಕುತ್ತೇನೆ. ಆಫೀಸಿನಲ್ಲಿ ತಿಂದ ಯಾರಿಗೂ ವ್ಯತ್ಯಾಸ ಗೊತ್ತಾಗಿಲ್ಲ.

ಮೊಟ್ಟೆ ಎರಡು. ಚೆನ್ನಾಗಿ ಕದಡಿ, ಮೊದಲು ಬಿಸಿ ಗ್ರಿಟ್ಸ್ ಒಂದೆರಡು ಸೌಟು ಮೊಟ್ಟೆಗೆ ಸೇರಿಸಿ, ಆಮೇಲೆ ಅದನ್ನು ಪಾತ್ರೆಗೆ ಸುರಿಯಬೇಕು. ನೇರ ಸುರಿದರೆ ಎಳೆ ಎಳೆಯಾಗಿ ಬೆಂದುಹೋಗುತ್ತದೆ. ಕಾಳುಮೆಣಸಿನ ಪುಡಿ ಧಾರಾಳವಾಗಿ. ಬೆಣ್ಣೆ ಸವರಿದ ಎರಡು ಕ್ವಾರ್ಟ್‌ನ, ಅಂದರೆ ಸುಮಾರು ಎರಡು ಲೀಟರಿನ, ಗಾಜಿನ ಪಾತ್ರೆಗೆ ಹಾಕಿ, ಒಂದು ಹಿಡಿ ಚೀಸ್ ಮೇಲೆ ಉದುರಿಸಿ, 350 ಡಿಗ್ರಿ ಫ್ಯಾರನ್‌ಹೀಟ್‌ನಲ್ಲಿ ಸುಮಾರು 45 ನಿಮಿಷ. ಸೆಲ್ಸಿಯಸ್ ಓವನ್ ಇದ್ದವರು 175ಕ್ಕೆ ಇಡಿ.

ಮೇಲೆ ಉದುರಿಸಲು ಇಲ್ಲಿಯವರು ಪ್ಯಾಪ್ರಿಕಾ ಹಾಕುತ್ತಾರೆ. ನಾನು ಬ್ಯಾಡಗಿ ಮೆಣಸಿನ ಪುಡಿ. ಬಣ್ಣ ಜಾಸ್ತಿ, ಖಾರ ಕಮ್ಮಿ, ಇದಕ್ಕೆ ಹೇಳಿ ಮಾಡಿಸಿದ್ದು. ಊರಿಗೆ ಹೋದಾಗ ಅಮ್ಮ ಕಟ್ಟಿಕೊಡುವ ಪುಡಿಯಲ್ಲಿ ಸ್ವಲ್ಪ ಎತ್ತಿಟ್ಟುಕೊಂಡಿರುತ್ತೇನೆ. ಬೆಂದ ಮೇಲೆ ಆ ಹಳದಿ ಮೇಲೆ ಕೆಂಪು ಎಷ್ಟು ಚೆನ್ನಾಗಿ ಕಾಣುತ್ತದೆ ಗೊತ್ತಾ?

ಹೊರಗೆ ತೆಗೆದ ಕೂಡಲೇ ನಡುಭಾಗ ಸ್ವಲ್ಪ ಅಲುಗಾಡುತ್ತಿರಬೇಕು. ಹದಿನೈದು ನಿಮಿಷ ಹಾಗೇ ಬಿಡಿ. ಈ ಹದಿನೈದು ನಿಮಿಷಕ್ಕೆ ನಮ್ಮ ಮನೆಯಲ್ಲಿ ಪ್ರತಿ ಸಲ ಜಗಳ. ಮಗಳಿಗೆ ತಾಳ್ಮೆ ಇಲ್ಲ. ಬಿಸಿಯಲ್ಲೇ ಚಮಚ ಹಾಕಿದರೆ ನೀರು ನೀರಾಗಿರುತ್ತದೆ. ತಣಿದರೆ ಚೌಕಾಕಾರಕ್ಕೆ ಕತ್ತರಿಸಲು ಬರುತ್ತದೆ.

ನನ್ನವಳು ಮೊಟ್ಟೆ ತಿನ್ನುವುದಿಲ್ಲ. ಅವಳಿಗೆ ಅಂತ ಸಣ್ಣ ಪಾತ್ರೆಯಲ್ಲಿ ಬೇರೆ ಮಾಡುತ್ತೇನೆ. ಇಲ್ಲಿಯೇ ಕಲ್ಲಿನ ಗ್ರಿಟ್ಸ್ ನಿಜವಾಗಿ ಗೆಲ್ಲುತ್ತದೆ. ಹಾಲು ಸ್ವಲ್ಪ ಕಮ್ಮಿ ಮಾಡಿ ಗಟ್ಟಿಯಾಗಿ ಬೇಯಿಸಿ, ಉಳಿದದ್ದೆಲ್ಲ ಹಾಗೇ, ಮೊಟ್ಟೆ ಮಾತ್ರ ಇಲ್ಲ. ಅರ್ಧ ಗಂಟೆ ಓವನ್, ಇಪ್ಪತ್ತು ನಿಮಿಷ ತಣಿಯಲು. ಜೋಳದ ಪಿಷ್ಟವೇ ಹಿಡಿದುಕೊಳ್ಳುತ್ತದೆ. ಮೊಟ್ಟೆ ಹಾಕಿದ್ದರ ಹಾಗೆ ಉಬ್ಬುವುದಿಲ್ಲ, ಆದರೆ ಜೋಳದ ರುಚಿ ಇನ್ನೂ ಚೆನ್ನಾಗಿ ಗೊತ್ತಾಗುತ್ತದೆ. ಕ್ವಿಕ್ ಗ್ರಿಟ್ಸ್‌ನಲ್ಲಿ ಮೊಟ್ಟೆ ಇಲ್ಲದೆ ಮಾಡಿದರೆ ಬರೀ ಚೀಸಿನ ಅಂಟು ಅನ್ನಿಸುತ್ತದೆ. ಅದಕ್ಕೆ ಸ್ವಂತ ರುಚಿ ಕಮ್ಮಿ, ಮೊಟ್ಟೆ ಚೀಸುಗಳ ಆಸರೆ ಬೇಕು.

ಹಾಗಂತ ಕ್ವಿಕ್ ಬೇಡವೇ ಬೇಡ ಅನ್ನುವವನಲ್ಲ ನಾನು. ಪಕ್ಕದ ಮನೆಯ ಅಜ್ಜಿ ಹುಟ್ಟಿ ಬೆಳೆದದ್ದೆಲ್ಲ ಜಾರ್ಜಿಯಾದ ಮೇಕನ್ ಊರಿನಲ್ಲಿ. ಅವರು ಕ್ರಿಸ್‌ಮಸ್ ಬೆಳಿಗ್ಗೆಗೆ, ಈಸ್ಟರಿಗೆ, ಯಾರದಾದರೂ ಮನೆಯಲ್ಲಿ ಸಾವಾದರೆ ಅಲ್ಲಿಗೆ ಒಯ್ಯಲು, ಎಲ್ಲಕ್ಕೂ ಇದನ್ನೇ ಮಾಡುತ್ತಾರೆ. ಯಾವಾಗಲೂ ಕ್ವೇಕರ್ ಡಬ್ಬಿಯ ಕ್ವಿಕ್. ಅವರ ಕಾಲದಲ್ಲಿ ಕ್ರಾಫ್ಟ್ ಕಂಪನಿಯ ಬೆಳ್ಳುಳ್ಳಿ ಚೀಸಿನ ಒಂದು ರೋಲ್ ಸಿಗುತ್ತಿತ್ತಂತೆ. ಡಬ್ಬಿ ಗ್ರಿಟ್ಸ್, ಒಂದು ರೋಲ್, ಬೆಣ್ಣೆ, ಮೊಟ್ಟೆ, ಮುಗೀತು. ಚರ್ಚಿನ ಹೆಂಗಸರು ಸೇರಿ ಅಚ್ಚು ಹಾಕಿಸುತ್ತಿದ್ದ ಅಡುಗೆ ಪುಸ್ತಕಗಳಲ್ಲೆಲ್ಲ ಅದೇ ಲೆಕ್ಕ. ಈಗ ಆ ರೋಲ್ ಬರುವುದಿಲ್ಲ. ಅದರ ಮೇಲೆ ಅವರಿಗೆ ಇನ್ನೂ ಬೇಜಾರು. ನಾನು ಮಾಡಿದ್ದನ್ನು ಕೊಟ್ಟಾಗ ತಿಂದು, “ಚೆನ್ನಾಗಿದೆ ಮಗಾ, ಆದರೆ ಇಷ್ಟು ಹೊತ್ತು ಒಲೆ ಮುಂದೆ ಯಾರು ನಿಲ್ಲುತ್ತಾರೆ?” ಅಂದರು. ಬಾಗಿಲು ದಾಟುವ ಮುಂಚೆ, ಸಕ್ಕರೆ ಹಾಕಿಲ್ಲ ತಾನೆ ಅಂತ ಕೇಳಿಕೊಂಡೂ ಹೋದರು. ಗ್ರಿಟ್ಸ್‌ಗೆ ಸಕ್ಕರೆ ಹಾಕುವವರನ್ನು ಕಂಡರೆ ಅವರಿಗೆ ಆಗುವುದಿಲ್ಲ.

ಅವರ ಮಾತಿನಲ್ಲಿ ನಿಜ ಇದೆ. ನಲವತ್ತು ಜನರ ಪಾಟ್‌ಲಕ್‌ಗೆ, ಹತ್ತು ತರಹದ ಅಡುಗೆಯ ನಡುವೆ ಇಡುವುದಾದರೆ ಕ್ವಿಕ್ ಸಾಕು. ಅಲ್ಲಿ ಜನ ನಾಲಿಗೆಗೆ ಹುಡುಕುವುದು ಚೀಸ್ ಅನ್ನೇ. ಮನೆಯವರು ನಾಲ್ಕೈದು ಜನ ಕೂತು ಅದನ್ನೇ ಊಟ ಅಂತ ತಿನ್ನುವುದಾದರೆ ಮಾತ್ರ ಕಲ್ಲಿನದಕ್ಕೆ ದುಡ್ಡು ಕೊಡಿ. ಇನ್‌ಸ್ಟಂಟ್ ಪೊಟ್ಟಣ ಈ ಅಡುಗೆಗೆ ಬೇಡ. ಅದು ಮೊದಲೇ ಬೇಯಿಸಿ ಒಣಗಿಸಿದ್ದು, ಓವನ್‌ನಲ್ಲಿ ಅಂಟಾಗಿಬಿಡುತ್ತದೆ.

ಇದರ ಜೊತೆ ಏನು ತಿನ್ನುವುದು? ಇಲ್ಲಿಯವರು ಹ್ಯಾಮ್, ಸಿಗಡಿ, ಬೇಯಿಸಿದ ಕಾಲರ್ಡ್ ಸೊಪ್ಪು ಇಡುತ್ತಾರೆ. ಸೊಪ್ಪಿನ ಜೋಡಿ ನಮಗೂ ಒಗ್ಗುತ್ತದೆ. ನಾನು ಕಾಲರ್ಡ್ ಸೊಪ್ಪಿಗೆ ಸಾಸಿವೆ, ಬೆಳ್ಳುಳ್ಳಿ, ಒಣಮೆಣಸಿನಕಾಯಿ ಒಗ್ಗರಣೆ ಕೊಟ್ಟು ಪಲ್ಯ ಮಾಡುತ್ತೇನೆ. ಚೀಸಿನ ಜಿಡ್ಡಿಗೆ ಆ ಸ್ವಲ್ಪ ಕಹಿ ಬೇಕೇ ಬೇಕು. ಟಬಾಸ್ಕೊ ಬದಲು ರಂಜಕ. ಕೆಂಪು ಮೆಣಸಿನಕಾಯಿ, ಬೆಳ್ಳುಳ್ಳಿ, ಹುಳಿ ಸೇರಿದ ರಂಜಕದ ಮುಂದೆ ಬಾಟಲಿ ಸಾಸು ಯಾವ ಲೆಕ್ಕ!

ಮರುದಿನದ ವಿಷಯ ಹೇಳದಿದ್ದರೆ ಈ ವಿಮರ್ಶೆ ಅರ್ಧವೇ. ಉಳಿದದ್ದನ್ನು ಫ್ರಿಜ್‌ನಲ್ಲಿಟ್ಟರೆ ಕಲ್ಲಾಗಿ ಕೂತಿರುತ್ತದೆ. ಬೆರಳು ದಪ್ಪಕ್ಕೆ ಕತ್ತರಿಸಿ, ಕಾದ ಕಾವಲಿ ಮೇಲೆ ತುಪ್ಪ ಹಾಕಿ, ಎರಡೂ ಕಡೆ ಕೆಂಪಗೆ ಸುಡಬೇಕು. ಮಗುಚುವ ಅವಸರ ಬೇಡ, ಅಡಿ ಗರಿಯಾದ ಮೇಲೆ ತಾನೇ ಬಿಡುತ್ತದೆ. ನೋರಾ ಮಿಲ್‌ನ ದಪ್ಪ ನುಚ್ಚು ಹೊರಗೆ ಕಟುಂ ಅನ್ನುತ್ತದೆ, ಒಳಗೆ ಮೆತ್ತಗೆ. ಮೊಟ್ಟೆ ಹಾಕಿದ್ದೂ ಹಾಕದ್ದೂ ಎರಡೂ ಹೀಗೆ ಸುಡಲು ಬರುತ್ತದೆ, ಆದರೆ ಹಾಕದ್ದನ್ನು ಸ್ವಲ್ಪ ದಪ್ಪ ಕತ್ತರಿಸಿ, ಇಲ್ಲದಿದ್ದರೆ ಮಗುಚುವಾಗ ಮುರಿಯುತ್ತದೆ. ನಿಜ ಹೇಳಬೇಕೆಂದರೆ ನನಗೆ ಮೊದಲ ದಿನದ್ದಕ್ಕಿಂತ ಇದೇ ಇಷ್ಟ. ಬೇಕೆಂದೇ ದೊಡ್ಡ ಪಾತ್ರೆಯಲ್ಲಿ ಮಾಡುತ್ತೇನೆ.

ಕೊಳ್ಳುವವರಿಗೆ: ಮಿಲ್ಲಿನಲ್ಲಿ ಬಿಳಿಯದೂ ಸಿಗುತ್ತದೆ. ಬಟ್ಟಲಲ್ಲಿ ಬೆಣ್ಣೆ ಹಾಕಿಕೊಂಡು ತಿನ್ನಲು ಅದು ಸೊಗಸು. ಕ್ಯಾಸರೋಲ್‌ಗೆ ಹಳದಿಯನ್ನೇ ತನ್ನಿ, ಚೆಡ್ಡರ್‌ನ ಹುಳಿ ಎದುರು ಅದರ ರುಚಿ ನಿಲ್ಲುತ್ತದೆ. ದೂರ ಇರುವವರಿಗೆ ಆನ್‌ಲೈನ್‌ನಲ್ಲೂ ಕಳಿಸುತ್ತಾರೆ. ಊರಲ್ಲಿರುವವರು ಮೆಕ್ಕೆಜೋಳದ ದಪ್ಪ ರವೆ ತಂದು ಮಾಡಿ ನೋಡಬಹುದು. ಗಿರಣಿಯವರು ಪರಿಚಯ ಇದ್ದರೆ ಒಣಗಿದ ಗೋವಿನಜೋಳ ಕೊಟ್ಟು ನುಚ್ಚು ಒಡೆಸಿ, ಜರಡಿ ಹಿಡಿದು ಹಿಟ್ಟು ತೆಗೆದುಬಿಡಿ. ಹಿಟ್ಟು ಉಳಿದರೆ ತಳ ಹಿಡಿಯುತ್ತದೆ.